ಕವಲು ಬಟ್ಟಲು

ನಮ್ಮ ಅಂಗಡಿಯಲ್ಲಿ ನಡೆದದ್ದನ್ನು ಹೊಳೆನರಸೀಪುರದ ಪೇಟೆಯವರು ಒಬ್ಬೊಬ್ಬರು ಒಂದೊಂದು ಥರ ಹೇಳುತ್ತಾರೆ. ಗಾಳಿ ಸೋಕಿತ್ತು ಎನ್ನುವವರಿದ್ದಾರೆ. ಅತ್ತೆ ಸೊಸೆ ಸೇರಿ ಏನೋ ಮದ್ದು ಹಾಕಿದರು ಎನ್ನುವ ಪುಣ್ಯಾತ್ಮರೂ ಇದ್ದಾರೆ. ಐದು ವರ್ಷ ಕೇಳಿಸಿಕೊಂಡು ಸುಮ್ಮನಿದ್ದೆ. ಈಗ ನಾನೇ ಹೇಳುತ್ತೇನೆ. ನಂಬುವವರು ನಂಬಿ, ಬಿಡುವವರು ಬಿಡಿ, ಮನೆಮನೆಗೆ ಬಂದು ಸಾಕ್ಷಿ ಹೇಳುವಷ್ಟು ಪುರುಸೊತ್ತು ನನಗಿಲ್ಲ.

ನನ್ನ ಹೆಸರು ನೀಲಗಂಗಮ್ಮ, ತವರು ಚನ್ನರಾಯಪಟ್ಟಣ. ಹದಿನೈದಕ್ಕೆ ಮದುವೆಯಾಗಿ ಈ ಊರಿಗೆ ಬಂದೆ. ನಮ್ಮದು ಪಾತ್ರೆ ಅಂಗಡಿ. ಬೀದಿಗೆ ಅಂಗಡಿ, ಅದರ ಹಿಂದೆ ಮನೆ, ಹಿತ್ತಿಲ ಬಾಗಿಲು ದಾಟಿ ಇಳಿದರೆ ಹೇಮಾವತಿ ಹೊಳೆ. ಮನೆಯಲ್ಲಿದ್ದದ್ದು ನಾಲ್ಕೇ ಜನ: ನಮ್ಮತ್ತೆ ಮಾಯಮ್ಮ, ನಮ್ಮನೆಯವರು, ನಾನು, ಆರು ವರ್ಷದ ಮಗಳು ಪ್ರೇಮಕುಮಾರಿ.

ನಮ್ಮನೆಯವರ ಹೆಸರನ್ನು ನಾನು ಹೇಳುತ್ತಿರಲಿಲ್ಲ. ಹೆಂಡತಿಯ ಬಾಯಲ್ಲಿ ಹೆಸರು ಬಂದರೆ ಗಂಡನ ಆಯಸ್ಸು ಕಡಿಮೆಯಾಗುತ್ತದೆ ಎಂದು ನಮ್ಮವ್ವ ಹೇಳಿಕೊಟ್ಟಿದ್ದಳು. ನಮ್ಮತ್ತೆ ಅದಕ್ಕೆ ಇನ್ನಷ್ಟು ಒಗ್ಗರಣೆ ಹಾಕಿದರು. ಮದುವೆಯಾಗಿ ಮನೆ ತುಂಬಿಸಿಕೊಳ್ಳುವ ದಿನ ನಾದಿನಿಯರು ಹೊಸ್ತಿಲಲ್ಲಿ ಅಡ್ಡ ನಿಂತು ಗಂಡನ ಹೆಸರು ಹೇಳಿದರೇ ಒಳಗೆ ಬಿಡುವುದು ಎಂದು ಕಾಡಿದಾಗಲೂ ನಾನು ಬಾಯಿ ಬಿಡದೆ ಅತ್ತುಬಿಟ್ಟೆ. ಕೊನೆಗೆ ನಮ್ಮ ಚಿಕ್ಕಮ್ಮ ನನ್ನ ಪರವಾಗಿ ಹೇಳಿ ಒಳಗೆ ದಾಟಿಸಿದಳು. ರುದ್ರಾಕ್ಷಿಗೆ ಜಪದ ಮಣಿ ಎನ್ನುತ್ತಿದ್ದೆ, ರುದ್ರಭೂಮಿಗೆ ಹೊಳೆಯಾಚೆ ಎನ್ನುತ್ತಿದ್ದೆ. ಅವರನ್ನು ಕರೆಯಬೇಕಾದರೆ ‘ಏನ್ರೀ’ ಸಾಕಾಗುತ್ತಿತ್ತು, ದೂರದಲ್ಲಿದ್ದರೆ ಮಗಳನ್ನು ಮುಂದಿಟ್ಟುಕೊಂಡು ಕರೆಯುತ್ತಿದ್ದೆ. ಊರಿನ ಎಲ್ಲ ಹೆಂಗಸರೂ ಹಾಗೇ ಮಾಡುತ್ತಿದ್ದರು, ನಾನೇನು ಮೇಲಿಂದ ಇಳಿದು ಬಂದವಳಲ್ಲ.

ಯುದ್ಧದ ಕಾಲ, ಸಾವಿರದ ಒಂಬೈನೂರ ನಲವತ್ತಮೂರು. ಹೊಸ ತಾಮ್ರ ಸಿಕ್ಕುತ್ತಿರಲಿಲ್ಲ, ಜನ ಅಟ್ಟದ ಮೇಲಿನ ಹಳೇ ಪಾತ್ರೆಗಳನ್ನು ಹೊತ್ತು ತಂದು ಮಾರುತ್ತಿದ್ದರು. ಶಿವರಾತ್ರಿ ಕಳೆದು ನಾಲ್ಕು ದಿನಕ್ಕೆ ಅರಕಲಗೂಡಿನ ಕಡೆಯಿಂದ ದ್ಯಾವಯ್ಯ ಎಂಬ ಮುದುಕ ಒಂದು ತಾಮ್ರದ ಬಟ್ಟಲು ತಂದ. ಅವನು ಮೊದಲೆಲ್ಲ ಮದುವೆ ಮನೆಗಳಲ್ಲಿ ಗಳಿಗೆ ಬಟ್ಟಲು ನೋಡುತ್ತಿದ್ದವನು. ತಳದಲ್ಲಿ ಸಣ್ಣ ತೂತಿರುವ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ಸರಿಯಾಗಿ ಒಂದು ಗಳಿಗೆಗೆ, ಎಂದರೆ ಗಡಿಯಾರದ ಇಪ್ಪತ್ತನಾಲ್ಕು ನಿಮಿಷಕ್ಕೆ, ತುಂಬಿ ಮುಳುಗುತ್ತದೆ. ಹಾಗೆ ಎಣಿಸಿ ಮುಹೂರ್ತ ಹೇಳುವುದು ಅವನ ಕೆಲಸವಾಗಿತ್ತು. ಗಡಿಯಾರ ಬಂದ ಮೇಲೆ ಅವನನ್ನು ಕರೆಯುವವರಿಲ್ಲ.

ಆದರೆ ಆ ಬಟ್ಟಲಿಗೆ ಎರಡು ತೂತಿದ್ದವು, ನಡುವೆ ಒಂದು ತೆಳುವಾದ ಗೋಡೆ. ಇದೇನು ಹೀಗೆ ಎಂದು ನಮ್ಮನೆಯವರು ಕೇಳಿದರು. ದ್ಯಾವಯ್ಯ ಜಗಲಿಯ ಮೇಲೆ ಕುಕ್ಕರಗಾಲಲ್ಲಿ ಕೂತು ವಿವರಿಸಿದ. ತಾಳಿ ಕಟ್ಟುವ ಹೊತ್ತಿಗೆ ಯಾರಾದರೂ ಸೀನಿದರೆ, ಅತ್ತರೆ, ಕೆಟ್ಟ ಮಾತಾಡಿದರೆ ಕಿವಿಗೆ ಬೀಳಬಾರದೆಂದು ಗಟ್ಟಿಮೇಳ ಬಾರಿಸುತ್ತಾರಲ್ಲ, ಅದು ಸದ್ದನ್ನು ಬರೀ ಮುಚ್ಚುತ್ತದೆ. ಈ ಬಟ್ಟಲು ಸದ್ದನ್ನು ಬೇರೆ ದಾರಿಗೇ ಅಟ್ಟುತ್ತದೆ. ತೇಲಿಬಿಟ್ಟು ‘ಸೀನು’ ಎಂದು ಹೆಸರು ಹೇಳಿದರೆ ಸಾಕು, ಆ ಗಳಿಗೆಯ ಸೀನೆಲ್ಲ ಮುಂಚೆಯೇ ಎಲ್ಲೋ ಕೇಳಿಸಿ ಹೋಗಿರುತ್ತದೆ, ಮುಹೂರ್ತದಲ್ಲಿ ಮೂಗು ಅಲ್ಲಾಡುವುದು ಮಾತ್ರ ಕಾಣುತ್ತದೆ.

“ಒಂದು ತೂತು ಒತ್ತಿಂದು ಸಾ, ಇನ್ನೊಂದು ಸದ್ದಿಂದು. ಎಲ್ಡೂ ಇಲ್ಲಿ ಕವಲಾಯ್ತವೆ,” ಎಂದ. “ತೇಲೋವಾಗ ಮನುಸ್ರ ಎಸರು ಮಾತ್ರ ಇದರ ಮುಂದೆ ಎತ್ಬ್ಯಾಡಿ. ಸೀನು ಓದ್ರೆ ಒಂದ್ ಗಳಿಗೆ ಓಗಿ ನಿಂತ್ಕತದೆ. ಮನುಸ ಅಂಗಲ್ಲ, ಓಯ್ತಾನೇ ಇರ್ತಾನೆ.”

ಇಷ್ಟು ಹೇಳಿದ ಮೇಲೆ ಯಾವ ಬುದ್ಧಿವಂತನಾದರೂ ಅದನ್ನು ಕರಗಿಸುವ ರಾಶಿಗೆ ಎಸೆಯಬೇಕಿತ್ತು. ನಮ್ಮನೆಯವರು ಹೊಸತೇನು ಕಂಡರೂ ಕೈ ಸುಮ್ಮನಿರದ ಜಾತಿ. ಮಾರನೆಯ ದಿನ ಮಧ್ಯಾಹ್ನ ಅಂಗಡಿಯಲ್ಲೇ ಒಂದು ಕೊಪ್ಪರಿಗೆಗೆ ನೀರು ತುಂಬಿ ಬಟ್ಟಲು ತೇಲಿಬಿಟ್ಟರು. ನನ್ನನ್ನು ಕರೆದರು. ಮುದ್ದೆ ಕಟ್ಟಿದ ಕೈ ತೊಳೆದುಕೊಂಡು ಬಂದು ನಿಂತೆ. ಯಾವ ಸದ್ದನ್ನು ಕಳಿಸೋಣ, ಕಾಗೆಯದೋ ಪಕ್ಕದ ಮನೆಯ ಬೀಸುವ ಕಲ್ಲಿನದೋ ಎಂದು ಅವರು ನಗುತ್ತ ಯೋಚಿಸುತ್ತಿದ್ದರು. ಅಷ್ಟರಲ್ಲಿ ಒಳಗಿನಿಂದ ನಮ್ಮತ್ತೆ ಕೂಗಿದರು.

“ರುದ್ರಯ್ಯಾ, ಮುದ್ದೆ ಆರೋಯ್ತದೆ, ಉಣ್ಣಾಕ್ ಬಾರ್ಲಾ.”

ಬಟ್ಟಲಿನ ಒಂದು ಪಕ್ಕ ಗುಳಕ್ ಎಂದಿತು. ನಮ್ಮನೆಯವರು ಒಳಗೆ ತಿರುಗಿ ಬಂದೆ ಎಂದರು. ಎಂದರು ಎಂದರೆ ತುಟಿ ಅಲ್ಲಾಡಿತು, ಅಷ್ಟೇ. ಗಂಟಲು ಕಟ್ಟಿತೇನೋ ಎಂದು ನಾನು ನಕ್ಕೆ. ಅವರು ಕೂತು ಉಣ್ಣುತ್ತಿದ್ದಾಗ, ಬಾಯಿ ತುಂಬ ಮುದ್ದೆ ಇದ್ದಾಗಲೇ, ಅಂಗಡಿಯ ಕಡೆಯಿಂದ ಅವರದೇ ತೇಗು ಕೇಳಿಸಿತು. ಆಮೇಲೆ ‘ಎಲೆ ಅಡಿಕೆ ಕೊಡೆ’ ಎಂಬ ಅವರದೇ ಮಾತು ಕೇಳಿಸಿತು. ಒಂದು ಗಳಿಗೆ ಕಳೆದ ಮೇಲೆ ಅವರು ಅಂಗಡಿಯಲ್ಲಿ ಕೂತು ಸದ್ದಿಲ್ಲದೆ ತೇಗಿ, ನನ್ನ ಕಡೆ ಕೈ ಚಾಚಿದರು. ನಾನು ಎಲೆಯ ತಟ್ಟೆಯನ್ನು ಆಗಲೇ ಹಿಡಿದು ನಿಂತಿದ್ದೆ.

ನಾಲ್ಕು ದಿನ ಇದು ಅನುಕೂಲವೇ ಆಯಿತು ಎಂದರೆ ನೀವು ನಗಬಹುದು. ಹೊರಗಿನಿಂದ ಬರುವ ಅವರ ಚಪ್ಪಲಿಯ ಸದ್ದು ಮೊದಲು ಬರುತ್ತಿತ್ತು. ನಾನು ಕಾವಲಿ ಇಟ್ಟು ಅಕ್ಕಿ ರೊಟ್ಟಿ ತಟ್ಟುತ್ತಿದ್ದೆ. ರೊಟ್ಟಿ ಬೇಯುವ ಹೊತ್ತಿಗೆ ಮನುಷ್ಯ ಬರುತ್ತಿದ್ದರು. ಆದರೆ ದ್ಯಾವಯ್ಯ ಹೇಳಿದ ಹಾಗೆ ಸದ್ದು ನಿಲ್ಲದೆ ಮುಂದೆ ಮುಂದೆ ಹೋಯಿತು. ಗಳಿಗೆಯ ಅಂತರ ಅರ್ಧ ದಿನವಾಯಿತು, ಎರಡು ದಿನವಾಯಿತು. ಒಂದು ಬೆಳಿಗ್ಗೆ ಬರಿದಾದ ಬೀದಿಗೆ ಅವರ ದನಿ ‘ಬನ್ನಿ ಲಕ್ಕಮ್ಮ, ಕೊಡ ನೋಡ್ತೀರಾ’ ಎಂದು ಕರೆಯಿತು. ಲಕ್ಕಮ್ಮ ಬಂದದ್ದು ಮಾರನೆಯ ದಿನ. ಈ ವಿಷಯ ಹರಡಿದ ಮೇಲೆ ಗಿರಾಕಿಗಳು ಕಮ್ಮಿಯಾದರು.

ಗಂಡ ಹೆಂಡತಿ ಜಗಳವಾಡಲೂ ಬಾರದ ಬಾಳಾಯಿತು. ಒಂದು ದಿನ ಊಟದ ಜಾಗದಿಂದ ‘ಉಪ್ಪು ನೋಡಬಾರದೇನೆ’ ಎಂದು ಅವರ ಗದರಿಕೆ ಕೇಳಿಸಿತು. ಸರಿ, ಉಪ್ಪು ಹೆಚ್ಚಾಗುತ್ತದೆ ಎಂದು ಎರಡು ದಿನ ಕೈ ಹಿಡಿದು ಹಾಕಿದೆ. ಮೂರನೆಯ ದಿನ ಅವರು ಸಾರು ಬಾಯಿಗಿಟ್ಟು ಮುಖ ಗಂಟಿಕ್ಕಿ, ತುಟಿ ಆಡಿಸಿ, ಉಪ್ಪಿನ ಮರಿಗೆಯ ಕಡೆ ಕೈ ತೋರಿಸಿದರು. ಸಾರು ಸಪ್ಪೆಯಾಗಿತ್ತು. ಅವತ್ತು ನನಗೆ ಮೊದಲ ಸಲ ಹೆದರಿಕೆಯಾಯಿತು. ಮುಂಚೆ ಕೇಳಿಸಿದ್ದನ್ನು ತಪ್ಪಿಸಲು ಹೋದದ್ದೇ ಅದನ್ನು ತಂದು ನಿಲ್ಲಿಸಿತ್ತು.

ಅವರು ನಮ್ಮ ಮಾತನ್ನು ಕೇಳಿಸಿಕೊಳ್ಳುತ್ತಿದ್ದರು. ಹೇಳಬೇಕಾದ್ದನ್ನು ಮಗಳ ಸ್ಲೇಟಿನಲ್ಲಿ ಬರೆಯುತ್ತಿದ್ದರು. ಮಗಳಿಗೆ ಮಾತ್ರ ಇದು ಆಟವಾಗಿತ್ತು. ಅಪ್ಪನ ದನಿ ಬರಿಯ ಮಣೆಯ ಮೇಲಿಂದ ನರಿಯ ಕತೆ ಹೇಳಿದರೆ ಮುಂದೆ ಕೂತು ಕೇಳುತ್ತಿದ್ದಳು. ವಾರ ಕಳೆದು ಅವರು ಅದೇ ಮಣೆಯ ಮೇಲೆ ಕೂತು ಬಾಯಿ ಆಡಿಸುವಾಗ ತೊಡೆಯೇರಿ, ಆ ಕತೆಯನ್ನು ಅವರ ತುಟಿಗೆ ಸರಿಯಾಗಿ ತಾನೇ ಹೇಳುತ್ತಿದ್ದಳು. ಅವರು ಅವಳ ನೆತ್ತಿ ಮೂಸಿ ನಗುತ್ತಿದ್ದರು. ನಾನು ಒಲೆಯ ಮುಂದೆ ತಿರುಗಿ ಕೂತು ಅತ್ತುಬಿಡುತ್ತಿದ್ದೆ.

ಬೇಸಗೆಯ ಒಂದು ಶನಿವಾರ, ಹೊತ್ತು ಇನ್ನೂ ನೆತ್ತಿಗೆ ಬಂದಿರಲಿಲ್ಲ. ನಾನು ಅಡುಗೆಮನೆಯಲ್ಲಿ ನೆನೆಸಿಟ್ಟ ಒಣ ಅವರೆಕಾಳು ಹಿಚುಕುತ್ತಿದ್ದೆ. ಅಂಗಡಿಯಿಂದ ಅವರ ದನಿ ಬಂತು. “ಇವಳೇ, ಎದೆ ಇಡ್ಕತಾ ಐತೆ ಕಣೇ,” ಎಂದಿತು. ಹಿಂದೆಯೇ ಹಿತ್ತಾಳೆ ತಟ್ಟೆಗಳ ಪೇರಿ ಉರುಳಿ ಬಿದ್ದ ಸದ್ದು, ಒಂದು ತಟ್ಟೆ ನೆಲದ ಮೇಲೆ ಗಿರಗಿರನೆ ಸುತ್ತಿ ನಿಂತ ಸದ್ದು. ಆಮೇಲೆ ಏನೂ ಇಲ್ಲ. ಓಡಿಹೋಗಿ ನೋಡಿದರೆ ಅವರು ತಕ್ಕಡಿ ಹಿಡಿದು ಹಾಗೇ ಕೂತಿದ್ದರು, ಮುಖದಲ್ಲಿ ರಕ್ತವಿರಲಿಲ್ಲ. ಪಕ್ಕದಲ್ಲಿ ತಟ್ಟೆಗಳ ಪೇರಿ ನೆಟ್ಟಗೆ ನಿಂತಿತ್ತು. ಅವರು ಅದನ್ನೇ ನೋಡುತ್ತಿದ್ದರು.

ಅವತ್ತಿನಿಂದ ಅವರ ಒಂದು ಕೆಮ್ಮು, ಒಂದು ಹೆಜ್ಜೆಯ ಸದ್ದೂ ಮನೆಯಲ್ಲಿ ಕೇಳಿಸಲಿಲ್ಲ. ಸದ್ದು ಅದರ ಕೊನೆ ಮುಟ್ಟಿತ್ತು, ಇನ್ನು ಮನುಷ್ಯ ಅಲ್ಲಿಗೆ ಹೋಗಿ ಸೇರುವುದಷ್ಟೇ ಬಾಕಿ. ಅವರು ಸ್ಲೇಟು ತೆಗೆದುಕೊಂಡು ‘ಎಷ್ಟು ದಿನ?’ ಎಂದು ಬರೆದರು. ಆ ವಾರ ಅವರ ಕೈಜಾರಿ ಚೊಂಬು ಬಿದ್ದಾಗ, ಅದರ ಸದ್ದು ನಮಗೆ ಕೇಳಿಸಿ ಆಗಲೇ ಇಪ್ಪತ್ತು ದಿನ ಕಳೆದಿತ್ತು. ಇಪ್ಪತ್ತು, ಹೆಚ್ಚೆಂದರೆ ಇಪ್ಪತ್ತೈದು ಎಂದೆ. ನಮ್ಮತ್ತೆ ಗೋಡೆಗೆ ತಲೆ ಚಚ್ಚಿಕೊಂಡರು.

ಮೊದಲು ಹಾಸನದ ಆಸ್ಪತ್ರೆಗೆ ಕರೆದುಕೊಂಡು ಹೋದೆ. ಡಾಕ್ಟರು ರಬ್ಬರು ಕೊಳವೆಯನ್ನು ಕಿವಿಗೆ ಸಿಕ್ಕಿಸಿಕೊಂಡು ಎದೆಗಿಟ್ಟರು. ತೆಗೆದು ಒದರಿದರು, ಊದಿದರು, ಮತ್ತೆ ಇಟ್ಟರು. ಅದನ್ನೇ ತಮ್ಮ ಎದೆಗಿಟ್ಟು ನೋಡಿಕೊಂಡರು. ಆಮೇಲೆ ಮಣಿಕಟ್ಟು ಹಿಡಿದು ಬಹಳ ಹೊತ್ತು ಕೂತರು. ನಾಡಿ ಕೈಗೆ ಚೆನ್ನಾಗಿ ಸಿಕ್ಕುತ್ತದಮ್ಮ, ಎದೆಯಲ್ಲಿ ಮಾತ್ರ ಸದ್ದಿಲ್ಲ, ನನ್ನ ಓದಿನಲ್ಲಿ ಇಂಥದ್ದಿಲ್ಲ ಎಂದು ಮೆಲ್ಲಗೆ ಹೇಳಿ ಕೈ ತೊಳೆದುಕೊಳ್ಳಲು ಹೋದರು. ಆ ಮನುಷ್ಯನನ್ನು ಬೈಯಲಾರೆ, ಸುಳ್ಳು ಹೇಳಲಿಲ್ಲ.

ಇನ್ನು ದ್ಯಾವಯ್ಯನೇ ಗತಿ. ಇವರನ್ನು ಮನೆಗೆ ಬಿಟ್ಟು ನಾನು ಅರಕಲಗೂಡಿಗೆ ಹೋದೆ. ಆಗ ಪೆಟ್ರೋಲಿಲ್ಲದೆ ಇದ್ದಿಲ ಹೊಗೆಯಲ್ಲಿ ಓಡುವ ಬಸ್ಸು. ದಿಣ್ಣೆ ಬಂದರೆ ನಾವೇ ಇಳಿದು ತಳ್ಳಬೇಕು. ಅಲ್ಲಿ ವಿಚಾರಿಸಿದರೆ ಅವನು ಊರು ಬಿಟ್ಟು ಮಗಳ ಮನೆ ಸೇರಿದ್ದಾನೆ ಎಂದರು. ಮಗಳ ಊರು ಯಾವುದೆಂದು ಒಬ್ಬರಿಗೂ ಸರಿಯಾಗಿ ಗೊತ್ತಿಲ್ಲ. ಒಬ್ಬ ಹಾಸನ ಎಂದ, ಇನ್ನೊಬ್ಬ ಅದರಾಚೆ ಎಂದ. ಹೀಗೆ ತಿರುಗಿ ತಿರುಗಿ ಶಾಂತಿಗ್ರಾಮದಲ್ಲಿ ಒಂದು ದನದ ಕೊಟ್ಟಿಗೆಯ ಮುಂದೆ ಅವನು ಹಗ್ಗ ಹೊಸೆಯುತ್ತ ಕೂತದ್ದು ಕಂಡಾಗ ಹದಿನೇಳು ದಿನ ಕಳೆದಿತ್ತು. ನನಗೆ ಅವನ ಕುತ್ತಿಗೆ ಹಿಚುಕುವಷ್ಟು ಸಿಟ್ಟು ಬಂದಿತ್ತು, ಆದರೆ ಅವನ ಕಾಲಿಗೇ ಬಿದ್ದೆ.

ದ್ಯಾವಯ್ಯ ಎಲ್ಲ ಕೇಳಿ ಹಗ್ಗ ಕೆಳಗಿಟ್ಟ. ಉಪಾಯವೊಂದಿದೆ ಎಂದ. ಅದೇ ಜಾಗದಲ್ಲಿ, ಅದೇ ಕೊಪ್ಪರಿಗೆಯಲ್ಲಿ ಬಟ್ಟಲನ್ನು ಮತ್ತೆ ತೇಲಿಬಿಟ್ಟು ಅವರ ಹೆಸರು ಹಿಡಿದು ಕರೆಯಬೇಕು. ಸದ್ದು ಹಿಂದಕ್ಕೆ ತಿರುಗುತ್ತದೆ. ತಿರುಗಿತೆಂದರೆ ಅದು ಮುಂದೆ ಹೋಗಿ ಮಾಡಿದ್ದೊಂದೂ ಆಗುವುದಿಲ್ಲ, ಎದೆ ಹಿಡಿಯುವುದೂ ಇಲ್ಲ, ತಟ್ಟೆ ಬೀಳುವುದೂ ಇಲ್ಲ. ಆದರೆ ಬಟ್ಟಲಿನ ನಡುಗೋಡೆ ಸವೆದುಹೋಗಿದೆ, ಇನ್ನೊಂದು ಸಲ ಮುಳುಗಿದರೆ ಅದು ತಡೆಯುವುದಿಲ್ಲ. ಇರುವುದು ಒಂದೇ ಗಳಿಗೆ. ನನ್ನ ಎದೆಯ ಮೇಲಿನ ಕಲ್ಲು ಇಳಿಸಿದ ಹಾಗಾಯಿತು. ಹೆಸರು ತಾನೇ, ನಮ್ಮತ್ತೆ ದಿನಕ್ಕೆ ಐವತ್ತು ಸಲ ಕರೆಯುತ್ತಾರೆ ಎಂದೆ.

“ಕರ್ದ ಬಾಯಿಗೆಲ್ಲ ಅದು ತಿರುಗಾಕಿಲ್ಲ ತಾಯಿ,” ಎಂದ. “ಆ ಕೂಗು ಕೇಳ್ಕೇಳೇ ಅದು ಒಂಟೋಗಿರೋದು. ಒಂದ್ ಸಲಾನೂ ಆ ಎಸರು ಕರೀದ ಬಾಯಿ ಬೇಕು. ಅಂಗಂತ ಗುರುತಿಲ್ಲದ ದನೀನೂ ಆಗಾಕಿಲ್ಲ, ಗುರುತಿಲ್ಲದೋರು ಕೂಗುದ್ರೆ ಯಾರು ತಿರುಗ್ತಾರೆ?”

ಪೇಟೆಯಲ್ಲಿ ಅವರನ್ನು ಹೆಸರು ಹಿಡಿದು ಕರೆಯದ ಬಾಯಿಲ್ಲ. ಪ್ರೇಮ ಸಹ ಶಾಲೆಗೆ ಸೇರಿದ ದಿನದಿಂದ ಅಪ್ಪನ ಹೆಸರನ್ನು ಹಾಡು ಮಾಡಿಕೊಂಡು ಕೂಗುತ್ತಿದ್ದಳು. ಉಳಿದದ್ದು ನನ್ನ ಬಾಯಿ ಒಂದೇ. ದ್ಯಾವಯ್ಯನನ್ನು ಕರೆದುಕೊಂಡು ಬಸ್ಸಿನಲ್ಲಿ ಬರುತ್ತ, ಮೆಲ್ಲಗೆ ಒಂದು ಸಲ ಆಡಿ ನೋಡಲೇ ಎಂದು ಕೇಳಿದರೆ ಅವನು ಬೆರಳು ಎತ್ತಿದ. ಅಭ್ಯಾಸಕ್ಕೆಂದು ಒಂದು ಸಲ ಬಾಯಿಬಿಟ್ಟು ಹೇಳಿದರೂ ಅದು ಕರೆದ ಬಾಯಾಗಿಹೋಗುತ್ತದೆ ಎಂದ. ಬಿಸಿ ತುಪ್ಪ ಬಾಯಲ್ಲಿಟ್ಟುಕೊಂಡವಳಂತೆ ಊರಿಗೆ ಬಂದೆ.

ನಮ್ಮತ್ತೆಗೆ ಎಲ್ಲ ಹೇಳಿದೆ. ಹೊಸತರಲ್ಲಿ ಜಪದ ಮಣಿಗೆ ಅದರ ನಿಜವಾದ ಹೆಸರು ನನ್ನ ಬಾಯಿಗೆ ಬಂದೀತೆಂದು ಸೌಟು ಹಿಡಿದು ಕಾದವರು ಅವರು. ಈಗ ಎದ್ದು ಬಂದು ನನ್ನ ಗಲ್ಲ ಹಿಡಿದುಕೊಂಡರು.

“ಬಾಯ್ತುಂಬ ಕರಿಯವ್ವ,” ಎಂದರು. “ಪಾಪ ಬಂದ್ರೆ ನನಗೆ ಬರ್ಲಿ.”

ನನಗೆ ಉರಿದುಹೋಯಿತು. ಒಂಬತ್ತು ವರ್ಷ ನಾಲಿಗೆಗೆ ಗಂಟು ಹಾಕಿದವರು ನೀವು, ಈಗ ಬಿಚ್ಚು ಎಂದರೆ ಒಂದೇ ದಿನದಲ್ಲಿ ಬಿಚ್ಚುತ್ತದೆಯೇ ಎಂದುಬಿಟ್ಟೆ. ಅವರ ಕೈ ನನ್ನ ಗಲ್ಲದ ಮೇಲೆ ತಣ್ಣಗಿತ್ತು. ಅವರು ಅಳುತ್ತಿದ್ದರು, ನಾನೂ ಅತ್ತುಬಿಟ್ಟೆ.

ಮಾರನೆಯ ಬೆಳಿಗ್ಗೆಯೇ ಕೆಲಸಕ್ಕೆ ಕೂತೆವು. ಅಂಗಡಿಯ ಹಲಗೆಗಳನ್ನು ಹಾಕಿ ಬೆಳಕಿಗೆ ಒಂದನ್ನು ಮಾತ್ರ ತೆರೆದೆವು. ಹೊಳೆಯ ನೀರು ತಂದು ಕೊಪ್ಪರಿಗೆ ತುಂಬಿದೆವು. ತಟ್ಟೆಗಳ ಪೇರಿಯನ್ನು ಅಲ್ಲಿಂದ ಸಾಗಿಸುತ್ತೇನೆ ಎಂದು ನಮ್ಮತ್ತೆ ಹೊರಟರೆ ನಮ್ಮನೆಯವರು ತಡೆದು, ಸ್ಲೇಟಿನಲ್ಲಿ ‘ಉಪ್ಪು’ ಎಂದು ಬರೆದು ತೋರಿಸಿದರು. ನಮ್ಮತ್ತೆಗೆ ಅರ್ಥವಾಗಲಿಲ್ಲ, ನನಗೆ ಆಯಿತು. ನಮ್ಮನೆಯವರು ಪೇರಿಯಿಂದ ದೂರ, ಎದುರಿನ ಗೋಡೆಗೆ ಒರಗಿ ಕೂತರು. ಮಗಳು ಒಳಬಾಗಿಲಲ್ಲಿ ನಿಂತಿದ್ದಳು. ನಮ್ಮ ಎಣಿಕೆಯಂತೆ ಇನ್ನೂ ಎರಡು ಮೂರು ದಿನವಾದರೂ ಉಳಿದಿತ್ತು.

ದ್ಯಾವಯ್ಯ ಬಟ್ಟಲನ್ನು ನೀರಿನ ಮೇಲಿಟ್ಟು ಕೈ ಬಿಟ್ಟ. ಎರಡು ತೂತಿನಿಂದಲೂ ಎರಡು ಸಣ್ಣ ಬುಗ್ಗೆ ಎದ್ದವು. ನನಗೆ ಸನ್ನೆ ಮಾಡಿದ.

ಬಾಯಿ ತೆರೆದೆ. ಹೆಸರು ಹೊರಡಲಿಲ್ಲ. ಮೊದಲ ಅಕ್ಷರಕ್ಕೆ ನಾಲಿಗೆ ಮೇಲೇಳಬೇಕಲ್ಲ, ಏಳಲಿಲ್ಲ. ಹೇಳಿದೊಡನೆ ಅವರು ಅಲ್ಲೇ ಒರಗಿಬಿಟ್ಟರೆ, ಆಯಸ್ಸು ಕಮ್ಮಿಯಾಗುವುದೆಂದರೆ ಇದೇ ಆಗಿದ್ದರೆ ಎಂದು ಹೆದರಿದೆ. ಮೈಯೆಲ್ಲ ಬೆವರಿ ಕುಪ್ಪಸ ಅಂಟಿಕೊಂಡಿತು. ಬಟ್ಟಲು ಕಾಲುಭಾಗ ಇಳಿಯಿತು. ನಮ್ಮತ್ತೆ ಕೈ ಜೋಡಿಸಿಕೊಂಡು ನಿಂತಿದ್ದರು, ಅವರು ಹೆಸರೆತ್ತುವ ಹಾಗಿಲ್ಲ. ಅರ್ಧ ಇಳಿಯಿತು. ಎದುರಿಗೆ ನಮ್ಮನೆಯವರು ನನ್ನ ತುಟಿಯನ್ನೇ ನೋಡುತ್ತಿದ್ದರು. ಆ ಕಣ್ಣಿನಲ್ಲಿ ಹೆದರಿಕೆಗಿಂತ ಆಸೆ ಕಾಣುತ್ತಿತ್ತು. ತಡೆಯಲಾರದೆ ಕಣ್ಣು ಮುಚ್ಚಿ, ಉಸಿರು ಎಳೆದು, ಜೀವ ಒತ್ತಿ ಕೂಗಿದೆ.

“ಪ್ರೇಮನ ಅಪ್ಪಾ!”

ಒಂಬತ್ತು ವರ್ಷ ತಿರುಗಿದ ದಾರಿಯಲ್ಲೇ ನಾಲಿಗೆ ತಿರುಗಿತ್ತು. ಬಟ್ಟಲು ಗುಳಕ್ ಎಂದಿತು. ಅದು ತೆಗೆದುಕೊಳ್ಳುವುದು ಮೊದಲು ಬಿದ್ದ ಹೆಸರನ್ನು. ಕಣ್ಣು ಬಿಟ್ಟರೆ ಬಾಗಿಲಲ್ಲಿ ಮಗಳು ಏನವ್ವಾ ಎಂದು ಕೇಳುತ್ತಿದ್ದಳು. ತುಟಿ ಅಲ್ಲಾಡಿತು, ದನಿಯಿಲ್ಲ. ಅದೇ ಹೊತ್ತಿಗೆ ಅಂಗಡಿಯ ನಡುವಿನಿಂದ, ಯಾರೂ ಇಲ್ಲದ ಜಾಗದಿಂದ, ಅವಳು ಬಿಕ್ಕಿ ಬಿಕ್ಕಿ ಅಳುವುದು ಕೇಳಿಸಿತು. ‘ಅಪ್ಪಾ, ಏಳಪ್ಪಾ, ಏಳಪ್ಪಾ’ ಎಂದು ಅಳುತ್ತಿತ್ತು ಆ ದನಿ. ಬಾಗಿಲಲ್ಲಿ ನಿಂತಿದ್ದ ಮಗುವಿನ ಕಣ್ಣು ಒಣಗಿತ್ತು, ತನ್ನ ಅಳುವನ್ನು ತಾನೇ ಬೆರಗಾಗಿ ಕೇಳುತ್ತಿತ್ತು.

ಹೊಸದಾಗಿ ಹೊರಟ ಸದ್ದು ಒಂದು ಗಳಿಗೆಗಿಂತ ಮುಂದೆ ಹೋಗಿರುವುದಿಲ್ಲ. ಎರಡು ಮೂರು ದಿನವಲ್ಲ, ಇವತ್ತೇ, ಈಗಲೇ ಎಂದು ಎಲ್ಲರಿಗೂ ತಿಳಿಯಿತು. ದ್ಯಾವಯ್ಯ ಎದ್ದು ನಿಂತುಬಿಟ್ಟ.

“ಈಗಿನ್ನೂ ಓಗೈತೆ, ಕರ್ದ ಬಾಯೇ ಕರುದ್ರೂ ತಿರುಗ್ತದೆ. ಮುಳುಗೋಗಂಟ ಟೇಮು,” ಎಂದ. “ಒಬ್ರನ್ನ ತಿರುಗ್ಸಬೌದು ತಾಯಿ, ಇಬ್ರನ್ನ ಆಗಾಕಿಲ್ಲ.”

ನಾನು ನಮ್ಮನೆಯವರ ಮುಖ ನೋಡಿದೆ. ಅವರು ಒಂದು ಕ್ಷಣವೂ ಯೋಚಿಸಲಿಲ್ಲ. ಕೈ ಎತ್ತಿ ಮಗಳನ್ನು ತೋರಿಸಿದರು, ಜೋರಾಗಿ ತಲೆ ಆಡಿಸಿದರು, ಮತ್ತೆ ತೋರಿಸಿದರು. ಪ್ರೇಮಾ, ಪ್ರೇಮಾ ಎಂದು ಕರೆಯತೊಡಗಿದೆ. ಈ ಹೆಸರು ಎಷ್ಟು ಸುಲಭವಾಗಿ ಬರುತ್ತಿತ್ತು ಎಂದು ಕರೆಯುತ್ತಲೇ ನನ್ನ ಮೇಲೆ ನನಗೆ ಅಸಹ್ಯವಾಯಿತು. ಬಟ್ಟಲಿನ ಅಂಚು ನೀರಿನ ಮಟ್ಟಕ್ಕೆ ಬಂತು. ಕರೆದೆ. ಅಂಗಡಿಯ ನಡುವಿನ ಅಳು ಸಣ್ಣಗಾಯಿತು, ಹಿಂದೆ ಹಿಂದೆ ಸರಿಯಿತು, ನಿಂತಿತು. ಬಾಗಿಲಿನಿಂದ, ಅವಳ ಬಾಯಿಂದಲೇ, “ಏನವ್ವಾ, ಇಲ್ಲೇ ಇದ್ದೀನಲ್ಲ,” ಎಂದು ಬಂತು. ಬಟ್ಟಲು ಮುಳುಗಿತು. ತಳದಲ್ಲಿ ಟಿಕ್ ಎಂದು ನಡುಗೋಡೆ ಮುರಿದದ್ದು ಕೇಳಿಸಿತು.

ಮಗಳನ್ನು ಎಳೆದು ಅಪ್ಪಿಕೊಂಡೆ. ಆಮೇಲೆ ತಲೆಯೆತ್ತಿ ನೋಡಿದರೆ ಅವರು ಗೋಡೆಗೊರಗಿ ಕೂತು ನಮ್ಮಿಬ್ಬರನ್ನೂ ನೋಡುತ್ತಿದ್ದರು. ಆಗ ಬಂತು ಹೆಸರು. ಯಾರೂ ಕೇಳಿರಲಿಲ್ಲ, ನಾನೂ ತಡೆಯಲಿಲ್ಲ, ಬಾಯಿಗೆ ತಾನಾಗಿ ಬಂತು.

“ರುದ್ರಯ್ಯ,” ಎಂದೆ.

ಅವರ ಮುಖ ಅರಳಿದ ಪರಿಯನ್ನು ನಾನು ಸಾಯುವವರೆಗೂ ಮರೆಯಲಾರೆ. ಮದುವೆಯ ದಿನ ಹೊಸ್ತಿಲಲ್ಲಿ ನಾನು ಹೇಳಿದ್ದರೆ ಹೀಗೇ ನಗುತ್ತಿದ್ದರೋ ಏನೋ. ಕರೆದರೆ ಬರಬೇಕಲ್ಲ, ಎದ್ದು ನನ್ನ ಕಡೆಗೆ ಬಂದರು. ನಾಲ್ಕು ಹೆಜ್ಜೆ. ನಾಲ್ಕನೆಯದಕ್ಕೆ ಎಡಗೈ ಎದೆಗೆ ಹೋಯಿತು. ಇವಳೇ ಎಂದು ತುಟಿ ಅಲ್ಲಾಡಿತು. ಆಸರೆಗೆಂದು ಬಲಗೈ ನನ್ನ ಪಕ್ಕದ ತಟ್ಟೆಯ ಪೇರಿಯನ್ನು ಹಿಡಿಯಿತು. ನಲವತ್ತು ಹಿತ್ತಾಳೆ ತಟ್ಟೆಗಳು ಕಲ್ಲು ಚಪ್ಪಡಿಯ ಮೇಲೆ ಸದ್ದೇ ಇಲ್ಲದೆ ಉರುಳಿದವು. ಒಂದು ತಟ್ಟೆ ನನ್ನ ಕಾಲಿನವರೆಗೂ ಬಂದು ಗಿರಗಿರನೆ ಸುತ್ತಿ ನಿಂತಿತು. ನನಗೆ ಕೇಳಿಸಿದ್ದು ನನ್ನ ಬಾಯಿಂದ ಹೊರಡುತ್ತಿದ್ದ ಅವರ ಹೆಸರೊಂದೇ. ಮಧ್ಯಾಹ್ನದವರೆಗೂ ಕರೆದೆನಂತೆ. ನಮ್ಮತ್ತೆ ಒಮ್ಮೆಯೂ ನನ್ನ ಬಾಯಿ ಮುಚ್ಚಲಿಲ್ಲ.

ಪೇಟೆಯವರೆಲ್ಲ ಬಂದು ಸೇರಿದರು. ಮಗುವನ್ನು ತಂದು ಅಪ್ಪನ ಮುಂದೆ ನಿಲ್ಲಿಸಿದರು. ಪ್ರೇಮ ನೋಡುತ್ತ ನಿಂತಳು, ಅಳಲಿಲ್ಲ. ಅಳು, ಮಗಾ, ಅತ್ತುಬಿಡು ಎಂದು ಹೆಂಗಸರು ಬೆನ್ನು ತಟ್ಟಿದರು. ಅವಳು ಬಾಯಿ ತೆರೆದಳು, ಏನೂ ಬರಲಿಲ್ಲ, ನನ್ನ ಮುಖ ನೋಡಿದಳು. ದ್ಯಾವಯ್ಯ ಮೂಲೆಯಲ್ಲಿ ತಲೆ ತಗ್ಗಿಸಿ ಕೂತಿದ್ದ. ಅವನು ಹೇಳಿದ್ದು ನಿಜವಾಗಿತ್ತು. ತಿರುಗಿಸಿ ಕರೆದದ್ದು ಆಗುವುದಿಲ್ಲ. ಅವಳ ಅಳುವನ್ನು ನಾನು ತಿರುಗಿಸಿ ಕರೆದಿದ್ದೆ, ಅದು ಆಗಲಿಲ್ಲ. ಅವರ ಹೆಸರು ಕರೆದಿದ್ದರೆ ಅವರ ಸಾವೂ ಆಗುತ್ತಿರಲಿಲ್ಲ.

ಅವಳಿಗೆ ಈಗ ಹನ್ನೊಂದು. ಬಿದ್ದರೆ ಅಳುತ್ತಾಳೆ, ಬೈದರೆ ಅಳುತ್ತಾಳೆ. ಅಪ್ಪನಿಗಾಗಿ ಮಾತ್ರ ಇವತ್ತಿನವರೆಗೆ ಒಂದು ಹನಿ ಬಂದಿಲ್ಲ. ಹೆತ್ತಪ್ಪ ಸತ್ತರೂ ಅಳದ ಕಲ್ಲುಗುಂಡಿಗೆಯವಳು ಎಂದು ಅವಳ ಎದುರಿಗೇ ಆಡುತ್ತೀರಲ್ಲ, ಅದಕ್ಕೇ ಇಷ್ಟೆಲ್ಲ ಹೇಳಿದ್ದು. ಬೈಯುವುದಾದರೆ ನನ್ನನ್ನು ಬೈಯಿರಿ. ಅವಳಿಗೆ ಅಳು ಇದೆ, ಅವತ್ತು ಅಂಗಡಿಯಲ್ಲಿ ನನ್ನ ಕಿವಿಯಾರೆ ಕೇಳಿದ್ದೇನೆ. ಅದು ನನ್ನ ಹತ್ತಿರ ಇದೆ.